ಸಮುದ್ರದೊಳಗೆ ಕ್ಯಾಮೆರಾ ಒಯ್ದ ಜಾಕ್ ಕೂಸ್ತೊ

ಹಾನಗಲ್ಲ, ಶಿಗ್ಗಾಂವಿ, ಸವಣೂರು, ಹಿರೇಕೆರೂರು, ಈ ನಾಲ್ಕೂ ತಾಲೂಕಿಗೆ ಸಮುದ್ರ ಇಲ್ಲ. ಆದರೆ ನಮ್ಮ ವರದಾ ಹೊಳೆ ಗಳಗನಾಥದ ಹತ್ತಿರ ತುಂಗಭದ್ರೆಗೆ ಕೂಡ್ತದೆ. ಅದು ಕೃಷ್ಣೆಗೆ ಕೂಡಿ ಕಡೀಗೆ ಬಂಗಾಳ ಕೊಲ್ಲಿಗೆ ಹೋಗ್ತದೆ. ಸಮುದ್ರದ ಒಳಗೆ ಏನೇನು ಐತಿ ಅಂತ ಜಗತ್ತಿಗೆ ಸಿನಿಮಾ ಮಾಡಿ ತೋರಿಸಿದವರಲ್ಲಿ ಭಾಳ ಹೆಸರಾದವರು ಜಾಕ್ ಕೂಸ್ತೊ.

ಇವರು 1910ನೇ ಇಸವಿ ಜೂನ್ 11ರಂದು ಫ್ರಾನ್ಸ್ ದೇಶದಲ್ಲಿ ಜನಿಸಿದರು. ದೊಡ್ಡವರಾಗಿ ನೌಕಾಪಡೆ ಸೇರಿದರು. ವಿಮಾನ ಹಾರಿಸಬೇಕು ಅಂತ ಆಸೆ ಇತ್ತು. ಕಾರು ಅಪಘಾತದಲ್ಲಿ ಕೈ ಮುರಿದು ಆ ಆಸೆ ಹೋಯಿತು. ಕೈಗೆ ಶಕ್ತಿ ಬರಲಿ ಅಂತ ಸಮುದ್ರದಲ್ಲಿ ಈಜತೊಡಗಿದರು. ನೀರಿನ ಕನ್ನಡಕ ಹಾಕಿ ಒಳಗೆ ನೋಡಿದ ಮೇಲೆ ಅವರಿಗೆ ಅದೇ ಹುಚ್ಚು ಹಿಡಿಯಿತು.

ಆದರೆ ಉಸಿರು ಹಿಡಿದು ಎಷ್ಟು ಹೊತ್ತು ಇರಲಿಕ್ಕಾಗ್ತದೆ? 1943ರಲ್ಲಿ ಎಮಿಲ್ ಗಾನ್ಯಾನ್ ಎಂಬ ಇಂಜಿನಿಯರ್ ಜೊತೆ ಸೇರಿ ಆಕ್ವಾಲಂಗ್ ಮಾಡಿದರು. ಆಗ ಯುದ್ಧದ ಕಾಲ, ಪೆಟ್ರೋಲ್ ಸಿಗದೆ ಕಾರುಗಳು ಗ್ಯಾಸಿನ ಮೇಲೆ ಓಡ್ತಿದ್ದವು. ಆ ಕಾರಿಗೆ ಅಂತ ಗಾನ್ಯಾನ್ ಮಾಡಿದ್ದ ವಾಲ್ವನ್ನೇ ತಿದ್ದಿ ಗಾಳಿ ಸಿಲಿಂಡರಿಗೆ ಕೂಡಿಸಿದರು. ಉಸಿರು ಎಳೆದಾಗ ಮಾತ್ರ ಗಾಳಿ ಬರ್ತದೆ, ಸುತ್ತಲ ನೀರು ಎಷ್ಟು ಒತ್ತುತ್ತದೋ ಅಷ್ಟೇ ಒತ್ತಡದಲ್ಲಿ ಬರ್ತದೆ. 2022ರ ‘ಗಂಧದ ಗುಡಿ’ಯಲ್ಲಿ ನಮ್ಮ ಅಪ್ಪು ಮುರ್ಡೇಶ್ವರದ ಹತ್ತಿರ ನೇತ್ರಾಣಿ ದ್ವೀಪದಲ್ಲಿ ಬೆನ್ನಿಗೆ ಸಿಲಿಂಡರ್ ಕಟ್ಟಿಕೊಂಡು ಮುಳುಗ್ತಾರಲ್ಲ, ಅದೂ ಇದೇ ಜಾತಿಯ ಸಾಧನ.

ಹತ್ತಾಳು ಆಳಕ್ಕೆ ಇಳಿದರೆ ಕೆಂಪು ಬಣ್ಣ ಕಾಣೋದೇ ಇಲ್ಲ, ಎಲ್ಲ ನೀಲಿ. ಕೂಸ್ತೊ ಅವರು ದೊಡ್ಡ ದೀಪಗಳನ್ನು ಕೆಳಗೆ ಒಯ್ದರು. ಆಗ ಕೆಂಪು, ಹಳದಿ ಎಲ್ಲ ಬಣ್ಣ ಸಿನಿಮಾದಲ್ಲಿ ಬಂದವು. ಕ್ಯಾಲಿಪ್ಸೊ ಎಂಬ ಹಡಗಿನಲ್ಲಿ ತಿರುಗಿ ಮಾಡಿದ ‘ಮೌನ ಪ್ರಪಂಚ’ ಎಂಬ ಸಿನಿಮಾಕ್ಕೆ 1956ರಲ್ಲಿ ಕಾನ್ ಚಿತ್ರೋತ್ಸವದ ದೊಡ್ಡ ಬಹುಮಾನ ಬಂತು. ಮರುವರ್ಷ ಆಸ್ಕರ್ ಕೂಡ ಬಂತು.

ಆದರೆ ಅದೇ ಸಿನಿಮಾದಲ್ಲಿ ಒಂದು ಕೆಟ್ಟ ಸಂಗತಿ ಐತಿ. ಹವಳದ ದಿಬ್ಬದಲ್ಲಿ ಎಷ್ಟು ಜಾತಿ ಮೀನು ಇವೆ ಅಂತ ಎಣಿಸಲಿಕ್ಕೆ ಡೈನಮೈಟ್ ಸಿಡಿಸ್ತಾರೆ. ಹೊಳೆಯಲ್ಲಿ ಮದ್ದು ಸಿಡಿಸಿ ಮೀನು ಹಿಡಿದ ಹಂಗೇ ಆಯಿತು! ಹಡಗಿಗೆ ಬಡಿದು ಗಾಯವಾದ ತಿಮಿಂಗಿಲದ ಮರಿಯನ್ನು ತಿನ್ನಲು ಶಾರ್ಕ್ ಬಂದಾಗ, ಹಡಗಿನವರು ಶಾರ್ಕುಗಳನ್ನೇ ಎಳೆದು ಹಾಕಿ ಹೊಡೆದು ಕೊಲ್ತಾರೆ. ಶಾರ್ಕಿನ ತಪ್ಪೇನು? ಮರಿಗೆ ಬಡಿದದ್ದು ಇವರ ಹಡಗು.

ಆಮೇಲೆ ಕೂಸ್ತೊ ಬದಲಾದರು. ಮೊದಲು ಈಜಿದ ಜಾಗಕ್ಕೆ ಎಷ್ಟೋ ವರ್ಷದ ಮೇಲೆ ಹೋದರೆ ಮೀನು ಕಡಿಮೆಯಾಗಿದ್ದವು. 1960ರಲ್ಲಿ ಅಣು ಕಸವನ್ನು ಮೆಡಿಟರೇನಿಯನ್ ಸಮುದ್ರಕ್ಕೆ ಹಾಕೋದನ್ನು ವಿರೋಧಿಸಿದರು. 1968ರಿಂದ ಟೀವಿಯಲ್ಲಿ ಅವರ ಚಿತ್ರಮಾಲೆ ಬಂತು. ಸಮುದ್ರ ಕಾಣದ ಮಂದಿಯೂ ಮನೆಯಲ್ಲಿ ಕುಂತು ತಿಮಿಂಗಿಲ ನೋಡಿದರು. 1973ರಲ್ಲಿ ಸಮುದ್ರ ಉಳಿಸಲಿಕ್ಕೆ ಒಂದು ಸಂಘ ಕಟ್ಟಿದರು. 1979ರಲ್ಲಿ ಜೊತೆಗೆ ಸಿನಿಮಾ ಮಾಡ್ತಿದ್ದ ಮಗ ಫಿಲಿಪ್ ವಿಮಾನ ಅಪಘಾತದಲ್ಲಿ ತೀರಿಹೋದರು. ಆದರೂ ಕೆಲಸ ಬಿಡಲಿಲ್ಲ.

ಅಂಟಾರ್ಕ್ಟಿಕಾದಲ್ಲಿ ಗಣಿ ಅಗೆಯಲು ದೇಶಗಳು ತಯಾರಾದಾಗ, 80 ವರ್ಷದ ಈ ಅಜ್ಜ ಹತ್ತು ಲಕ್ಷಕ್ಕಿಂತ ಹೆಚ್ಚು ಸಹಿ ಕೂಡಿಸಿದರು. ಟೀವಿಯಲ್ಲಿ ನೋಡಿ ಬಲ್ಲವರಾಗಿದ್ದಕ್ಕೇ ಅಷ್ಟು ಮಂದಿ ಸಹಿ ಹಾಕಿದರು ಅಂತ ನನಗೆ ಅನ್ನಿಸ್ತದೆ. 1991ರಲ್ಲಿ ಮ್ಯಾಡ್ರಿಡ್ ಪಟ್ಟಣದಲ್ಲಿ ಗಣಿ ನಿಷೇಧದ ಒಪ್ಪಂದ ಆಯಿತು.

1996ರಲ್ಲಿ ಸಿಂಗಾಪುರದಲ್ಲಿ ಇನ್ನೊಂದು ಹಡಗು ಬಡಿದು ಕ್ಯಾಲಿಪ್ಸೊ ಮುಳುಗಿತು. ಅದನ್ನು ಮೇಲೆತ್ತಿದರು. ಮರುವರ್ಷ ಜೂನ್ 25ರಂದು ಕೂಸ್ತೊ ಪ್ಯಾರಿಸ್ಸಿನಲ್ಲಿ ತೀರಿಕೊಂಡರು. ಆಗ ಅವರಿಗೆ 87 ವರ್ಷ. ಹುಟ್ಟಿದ ಊರಲ್ಲೇ ಅವರನ್ನು ಮಣ್ಣು ಮಾಡಿದರು.