ಹೆಸರು ಬಚ್ಚಿಟ್ಟ ಡ್ರಿಲ್ ಮೇಷ್ಟರು

ಡ್ರಿಲ್ ಮೇಷ್ಟರೆಂದರೆ ನಮ್ಮ ಶಾಲೆಯ ಹಳೆಯ ವಿದ್ಯಾರ್ಥಿಗಳಿಗೆ ಮೊದಲು ನೆನಪಾಗುವುದು ಸೀಟಿ, ಮೈದಾನದ ಧೂಳು, ಸಾಲು ತಪ್ಪಿದವರಿಗೆ ಬೀಳುತ್ತಿದ್ದ ಬೈಗುಳ. ಕನ್ನಡದ ಒಬ್ಬ ದೊಡ್ಡ ಕವಿಯೂ ಡ್ರಿಲ್ ಮೇಷ್ಟರೇ ಆಗಿದ್ದರು. ಅವರೇ ಮುದ್ದಣ.

ಹುಟ್ಟಿದ್ದು 1870ರಲ್ಲಿ, ಕಾರ್ಕಳದ ಹತ್ತಿರದ ನಂದಳಿಕೆಯಲ್ಲಿ. ತಂದೆ ತಿಮ್ಮಪ್ಪಯ್ಯ, ತಾಯಿ ಮಹಾಲಕ್ಷ್ಮಿ. ಇಟ್ಟ ಹೆಸರು ಲಕ್ಷ್ಮೀನಾರಣಪ್ಪ. ಮುದ್ದಣ ಎಂಬುದು ಮನೆಯಲ್ಲಿ ಮುದ್ದಿನಿಂದ ಕರೆದದ್ದು. ಬಡತನದಿಂದ ಓದು ಹೆಚ್ಚು ಮುಂದುವರಿಯಲಿಲ್ಲ. ಮದ್ರಾಸಿಗೆ ಹೋಗಿ ವ್ಯಾಯಾಮ ಶಿಕ್ಷಣದ ತರಬೇತಿ ಪಡೆದು ಬಂದು ಉಡುಪಿ, ಕುಂದಾಪುರಗಳಲ್ಲಿ ಮಾಸ್ತರಿಕೆ ಮಾಡಿದರು. ಉಡುಪಿಯಲ್ಲಿ ಮಳಲಿ ಸುಬ್ಬರಾಯರ ಒಡನಾಟದಿಂದ ಹಳಗನ್ನಡದ ರುಚಿ ಹತ್ತಿತು. ರತ್ನಾವತಿ ಕಲ್ಯಾಣ, ಕುಮಾರ ವಿಜಯ ಎಂಬ ಯಕ್ಷಗಾನ ಪ್ರಸಂಗಗಳನ್ನು ಬರೆದರು.

ಆಗ ಮೈಸೂರಿನಲ್ಲಿ ಕಾವ್ಯಮಂಜರಿ ಎಂಬ ಪತ್ರಿಕೆ ಹಳೆಯ ಕವಿಗಳ ಗ್ರಂಥಗಳನ್ನು ಹುಡುಕಿ ಅಚ್ಚುಹಾಕುತ್ತಿತ್ತು. ಮುದ್ದಣ ತಾವೇ ಬರೆದ ಅದ್ಭುತ ರಾಮಾಯಣ, ಶ್ರೀರಾಮ ಪಟ್ಟಾಭಿಷೇಕ, ಶ್ರೀರಾಮಾಶ್ವಮೇಧಗಳನ್ನು ಪ್ರಾಚೀನ ಕೃತಿಗಳೆಂದು ಹೇಳಿ ಮೈಸೂರಿಗೆ ಕಳಿಸಿದರು. ಸಂಪಾದಕರು ನಂಬಿದರು, ಓದುಗರೂ ನಂಬಿದರು. ಪರರ ಕೃತಿಗೆ ತಮ್ಮ ಹೆಸರು ಹಚ್ಚಿಕೊಂಡವರನ್ನು ನಾವು ಬೇಕಾದಷ್ಟು ನೋಡಿದ್ದೇವೆ. ತಮ್ಮ ಕೃತಿಯನ್ನೇ ಪರರದೆಂದು ಒಪ್ಪಿಸಿದವರು ಅಪರೂಪ. ಹೀಗೇಕೆ ಮಾಡಿದರು? ಡ್ರಿಲ್ ಮೇಷ್ಟರ ಕಾವ್ಯವೆಂದರೆ ಪಂಡಿತರು ಪುಟ ತೆರೆಯುವುದಿಲ್ಲ ಎಂಬ ಅಂಜಿಕೆ ಇತ್ತೇನೋ ಎಂದು ನನಗನ್ನಿಸುತ್ತದೆ.

ತಮಾಷೆಯೆಂದರೆ ರಾಮಾಶ್ವಮೇಧದಲ್ಲಿ ಅವರ ಹೆಸರು ಕಣ್ಣೆದುರಿಗೇ ಇದೆ. ಮಳೆಗಾಲದಲ್ಲಿ ಮುದ್ದಣ ಮನೆಗೆ ಬರುತ್ತಾನೆ, ಹೆಂಡತಿ ಮನೋರಮೆ ಕಥೆ ಹೇಳೆಂದು ಕೇಳುತ್ತಾಳೆ. ಪದ್ಯ ಬೇಡ, ಗದ್ಯದಲ್ಲಿ ಹೇಳು ಎನ್ನುತ್ತಾಳೆ. ಸಂಸ್ಕೃತ ಹೆಚ್ಚಾದರೆ ತಡೆಯುತ್ತಾಳೆ, ನಡುನಡುವೆ ಗಂಡನನ್ನು ಛೇಡಿಸುತ್ತಾಳೆ. ನಮ್ಮೂರ ಜಗಲಿಯ ಮೇಲೆ ಕುಳಿತ ಗಂಡ ಹೆಂಡಿರಂತೆಯೇ ಇದ್ದಾರೆ. ಆದರೂ ಓದಿದವರು ಆ ಮುದ್ದಣ ಯಾವ ಕಾಲದವನೋ ಎಂದುಕೊಂಡರು. ಹಳಗನ್ನಡವನ್ನು ಅಷ್ಟು ಚೆನ್ನಾಗಿ ಅರಗಿಸಿಕೊಂಡದ್ದೇ ಅವರಿಗೆ ಮುಸುಕಾಯಿತು.

1901ರಲ್ಲಿ, ಮೂವತ್ತೊಂದನೆಯ ವಯಸ್ಸಿನಲ್ಲಿ, ಕ್ಷಯದಿಂದ ತೀರಿಕೊಂಡರು. ರಾಮಾಶ್ವಮೇಧವನ್ನು ಜನ ಮೆಚ್ಚಿ ಓದತೊಡಗಿದಾಗ ಹೊಗಳಿಕೆ ಕೇಳಲು ಅವರಿರಲಿಲ್ಲ. ವರ್ಷಗಳು ಕಳೆದ ಮೇಲೆ ವಿದ್ವಾಂಸರು ಹುಡುಕಿ, ಪ್ರಾಚೀನ ಕವಿಯೆಂದುಕೊಂಡವನು ನಂದಳಿಕೆಯ ಲಕ್ಷ್ಮೀನಾರಣಪ್ಪನೇ ಎಂದು ಗುರುತಿಸಿದರು. ಅಚ್ಚಾದ ಪುಸ್ತಕಗಳಿಗೆ ಒಡೆಯ ಸಿಕ್ಕಿದ. ಅಚ್ಚಾಗದೆ ಉಳಿದಿದ್ದ ಗೋದಾವರಿ ಎಂಬ ಕಾದಂಬರಿ ಮಾತ್ರ ಕೈಗೆ ಸಿಗದೆ ಹೋಯಿತು.