ತುಂಬಿದ ಮನೆಯ ಒಂಟಿ: ನಮ್ಮ ಶಿರಾದ ಸಿದ್ದಲಿಂಗಯ್ಯ

ನಮ್ಮ ಕಾಲೇಜಲ್ಲಿ ಯಾರೇ ಶಾರ್ಟ್ ಫಿಲ್ಮ್ ತೆಗೆದರೂ ಕತೆ ಹೆಚ್ಚುಕಮ್ಮಿ ಒಂದೇ. ಬೆಂಗಳೂರಿನ ಪಿಜಿ ರೂಮು, ಕಿಟಕಿ, ಮಳೆ, ಮೊಬೈಲ್ ನೋಡ್ತಾ ಕೂತ ಹುಡುಗ. ಮಧುಗಿರಿ, ಕೊರಟಗೆರೆ, ಪಾವಗಡ, ಶಿರಾ ಕಡೆಯಿಂದ ಬಂದ ನಮಗೆ ಆ ರೂಮು ಚೆನ್ನಾಗೇ ಗೊತ್ತು. ಆದರೆ ಒಂಟಿತನ ಅಂದ್ರೆ ಅಷ್ಟೇನಾ? ಈ ಪ್ರಶ್ನೆ ಬಂದಾಗ ನಮಗೆ ನೆನಪಾಗೋದು ನಮ್ಮದೇ ಸೀಮೆಯ ನಿರ್ದೇಶಕ ಸಿದ್ದಲಿಂಗಯ್ಯ. (ಕವಿ ಸಿದ್ದಲಿಂಗಯ್ಯ ಬೇರೆ, ಅವರು ಮಾಗಡಿ ಕಡೆಯವರು.)

ಇವರು ಹುಟ್ಟಿದ್ದು 1936ರಲ್ಲಿ, ಶಿರಾ ತಾಲ್ಲೂಕಿನ ತರೂರಿನಲ್ಲಿ. ಸಿನಿಮಾನ ಯಾವ ಕಾಲೇಜಲ್ಲೂ ಕಲಿತವರಲ್ಲ. ಮೈಸೂರಿನ ನವಜ್ಯೋತಿ ಸ್ಟುಡಿಯೋದಲ್ಲಿ ಕೆಲಸದ ಹುಡುಗನಾಗಿ ಸೇರಿ, ಸಹಾಯಕನಾಗಿ ದುಡಿದು ಮೇಲೆ ಬಂದವರು. ಮೊದಲ ಚಿತ್ರ 1969ರ ‘ಮೇಯರ್ ಮುತ್ತಣ್ಣ’, ನಿರ್ಮಾಪಕರು ದ್ವಾರಕೀಶ್. ಕಳ್ಳತನದ ಆರೋಪ ಹೊತ್ತು ಹಳ್ಳಿ ಬಿಟ್ಟ ಮುತ್ತಣ್ಣ ಪಟ್ಟಣ ಸೇರಿ ಮೇಯರ್ ಆಗ್ತಾನೆ. ಅವನನ್ನ ದೂರ ಮಾಡಿದ್ದು ಊರು, ಕೈ ಹಿಡಿದದ್ದು ಸಿಟಿ. ನಾವು ತೆಗೆಯೋ ಕತೆಗೆ ಪೂರಾ ಉಲ್ಟಾ!

1972ರಲ್ಲಿ ‘ಬಂಗಾರದ ಮನುಷ್ಯ’ ಬಂತು. ಟಿ.ಕೆ. ರಾಮರಾವ್ ಅವರ ಕಾದಂಬರಿ, ರಾಜ್‌ಕುಮಾರ್ ನಾಯಕ. ಬೆಂಗಳೂರಿನ ಸ್ಟೇಟ್ಸ್ ಚಿತ್ರಮಂದಿರದಲ್ಲಿ ಎರಡು ವರ್ಷ ಓಡಿತು. ಎಷ್ಟೋ ಜನ ಈ ಚಿತ್ರ ನೋಡಿ ಬೇಸಾಯ ಮಾಡೋಕೆ ಹಳ್ಳಿಗೆ ವಾಪಸ್ ಹೋದರು ಅಂತ ಹಿರಿಯರು ಈಗಲೂ ಹೇಳ್ತಾರೆ. ನಮ್ಮನ್ನ ಕಾಡಿದ್ದು ಮಾತ್ರ ಅದರ ಕೊನೆ. ಅಕ್ಕನ ಸಂಸಾರಕ್ಕಾಗಿ ಬಂಜರು ನೆಲ ಹಸನು ಮಾಡಿ ಜೀವ ತೇಯ್ದ ರಾಜೀವ, ಹೆಂಡತಿಯನ್ನೂ ಕಳಕೊಂಡಿದ್ದಾನೆ. ಕೊನೆಗೆ ಅಕ್ಕನ ಮಗನ ಚುಚ್ಚುಮಾತಿಗೆ ನೊಂದು, ಊಟಕ್ಕೆ ಕೂತವನು ಎದ್ದು ಮನೆ ಬಿಟ್ಟು ಹೋಗ್ತಾನೆ. ಮನೆ ತುಂಬ ಜನ, ಆದರೂ ಅವನು ಒಂಟಿ. ಮಾತಾಡಿದವನು ಪಟ್ಟಣದಲ್ಲಿ ಓದಿ ಬಂದವನು ಅನ್ನೋದು ನಮಗೆ ಸ್ವಲ್ಪ ಜಾಸ್ತಿನೇ ಚುಚ್ಚುತ್ತೆ. ರಜಕ್ಕೆ ಮನೆಗೆ ಹೋದಾಗ ಅಪ್ಪನಿಗೋ ಮಾವನಿಗೋ ನಾವು ಮಾತಾಡೋ ಧಾಟಿ ನೆನಪಾಗುತ್ತೆ. ನಮ್ಮ ಶಾರ್ಟ್ ಫಿಲ್ಮಿನ ಹುಡುಗ ಯಾವತ್ತೂ ಯಾರನ್ನೂ ನೋಯಿಸಿರಲ್ಲ, ಗಮನಿಸಿದ್ದೀರಾ?

1974ರ ‘ಭೂತಯ್ಯನ ಮಗ ಅಯ್ಯು’ ಗೊರೂರರ ಕತೆ. ಸಾಲ ಕೊಟ್ಟು ಊರನ್ನೇ ಹಿಂಡಿದ ಭೂತಯ್ಯ ಸತ್ತರೆ ಹೆಣಕ್ಕೆ ಹೆಗಲು ಕೊಡೋಕೆ ಊರವರು ಯಾರೂ ಬರಲ್ಲ. ಒಂಟಿತನಕ್ಕೆ ಇದಕ್ಕಿಂತ ದೊಡ್ಡ ಶಾಟ್ ಬೇಕಾ?

ಮಗ ಮುರಳಿಯನ್ನ ‘ಪ್ರೇಮ ಪರ್ವ’ದಲ್ಲಿ ನಾಯಕನನ್ನಾಗಿ ಮಾಡಿದ್ದೂ ಇವರೇ. ಮುಂದೆ ಮುರಳಿ ತಮಿಳಲ್ಲಿ ದೊಡ್ಡ ಹೆಸರು ಮಾಡಿ, 2010ರಲ್ಲಿ ಇನ್ನೂ ನಡುವಯಸ್ಸಲ್ಲೇ ತೀರಿಕೊಂಡರು. ಆಮೇಲೆ ನಾಲ್ಕೂವರೆ ವರ್ಷ ಬದುಕಿದ್ದ ಅಪ್ಪ 2015ರ ಮಾರ್ಚ್ 12ರಂದು ಬೆಂಗಳೂರಲ್ಲಿ ಹೋದರು.