ವಿ. ಕೆ. ಮೂರ್ತಿ

ವೆಂಕಟರಾಮ ಪಂಡಿತ್ ಕೃಷ್ಣಮೂರ್ತಿ (26 ನವೆಂಬರ್ 1923 – 7 ಏಪ್ರಿಲ್ 2014) ಭಾರತೀಯ ಚಲನಚಿತ್ರರಂಗದ ಪ್ರಮುಖ ಛಾಯಾಗ್ರಾಹಕರಲ್ಲಿ ಒಬ್ಬರು. ವಿ. ಕೆ. ಮೂರ್ತಿ ಎಂದೇ ಪರಿಚಿತರಾದ ಇವರು ಗುರುದತ್ ಅವರ ಕಪ್ಪು-ಬಿಳುಪು ಚಿತ್ರಗಳಲ್ಲಿನ ನೆರಳು-ಬೆಳಕಿನ ವಿನ್ಯಾಸಕ್ಕಾಗಿ ಹೆಸರಾಗಿದ್ದಾರೆ. ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕರು ಇವರು.

ಆರಂಭಿಕ ಜೀವನ

ಮೂರ್ತಿಯವರು ಮೈಸೂರಿನಲ್ಲಿ ಜನಿಸಿದರು. ಸ್ವಾತಂತ್ರ್ಯ ಚಳವಳಿಯಲ್ಲಿ ಪಾಲ್ಗೊಂಡು ಸೆರೆವಾಸ ಅನುಭವಿಸಿದರು. ಪಿಟೀಲು ವಾದನವನ್ನೂ ಬಲ್ಲವರಾಗಿದ್ದರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು, 1946ರಲ್ಲಿ ಡಿಪ್ಲೊಮಾ ಪಡೆದು ಮುಂಬಯಿಗೆ ತೆರಳಿದರು.

ವೃತ್ತಿಜೀವನ

'ಬಾಜಿ' (1951) ಚಿತ್ರದಲ್ಲಿ ಸಹಾಯಕರಾಗಿದ್ದಾಗ ಕ್ಲಿಷ್ಟವಾದ ಚಿತ್ರಿಕೆಯೊಂದನ್ನು ಯಶಸ್ವಿಯಾಗಿ ಸೆರೆಹಿಡಿದ ಇವರ ಕೌಶಲವನ್ನು ಮೆಚ್ಚಿದ ಗುರುದತ್, ಮುಂದಿನ ಚಿತ್ರ 'ಜಾಲ್' (1952)ನ ಛಾಯಾಗ್ರಹಣವನ್ನು ಇವರಿಗೇ ವಹಿಸಿದರು. 'ಆರ್ ಪಾರ್', 'ಪ್ಯಾಸಾ' ಮುಂತಾದವು ಈ ಜೋಡಿಯ ಇತರ ಚಿತ್ರಗಳು.

'ಕಾಗಜ್ ಕೆ ಫೂಲ್' (1959) ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರ ಹಾಡೊಂದಕ್ಕಾಗಿ ಮೂರ್ತಿಯವರು ಸ್ಟುಡಿಯೋದ ಹೊರಗೆ ಕನ್ನಡಿಯಿರಿಸಿ, ಬಿಸಿಲನ್ನು ಒಳಗಿನ ಇನ್ನೊಂದು ಕನ್ನಡಿಗೆ ಹಾಯಿಸಿದರು. ಅಲ್ಲಿಂದ ಪ್ರತಿಫಲಿಸಿದ ಬಿಸಿಲುಕೋಲು ಕತ್ತಲೆಯನ್ನು ಸೀಳಿ ನೆಲಕ್ಕಿಳಿಯುವ ಆ ದೃಶ್ಯ ಇಂದಿಗೂ ಛಾಯಾಗ್ರಹಣದ ವಿದ್ಯಾರ್ಥಿಗಳಿಗೆ ಮಾದರಿಯಾಗಿದೆ. ಚಿತ್ರವು ಬಿಡುಗಡೆಯಾದಾಗ ಸೋತಿತು. ಆ ಬಳಿಕ ಗುರುದತ್ ತಮ್ಮ ಹೆಸರಿನಲ್ಲಿ ಯಾವ ಚಿತ್ರವನ್ನೂ ನಿರ್ದೇಶಿಸಲಿಲ್ಲ. ಆದರೆ ಮೂರ್ತಿಯವರಿಗೆ ಅದೇ ಚಿತ್ರ ಫಿಲ್ಮ್‌ಫೇರ್ ಪ್ರಶಸ್ತಿ ತಂದಿತು. 'ಸಾಹಿಬ್ ಬೀಬಿ ಔರ್ ಗುಲಾಮ್' (1962) ಚಿತ್ರಕ್ಕೂ ಅದೇ ಪ್ರಶಸ್ತಿ ಲಭಿಸಿತು. ಅದರ ನೃತ್ಯಗೀತೆಯೊಂದರಲ್ಲಿ ಮುಖ್ಯ ನರ್ತಕಿಯ ಮೇಲೆ ಮಾತ್ರ ಬೆಳಕು ಚೆಲ್ಲಿ, ಸಹನರ್ತಕಿಯರನ್ನು ನೆರಳಿನಲ್ಲಿಯೇ ಉಳಿಸಲಾಗಿದೆ.

1964ರಲ್ಲಿ ಗುರುದತ್ ನಿಧನರಾದರು. ಮೂರ್ತಿಯವರು ಪ್ರಮೋದ್ ಚಕ್ರವರ್ತಿಯವರ 'ಲವ್ ಇನ್ ಟೋಕಿಯೊ', 'ಜುಗ್ನು' ಮೊದಲಾದ ವರ್ಣಚಿತ್ರಗಳಲ್ಲಿ ದುಡಿದರು. ಇವರ ಸಹಾಯಕರಾಗಿ ಪಳಗಿದ ಗೋವಿಂದ ನಿಹಲಾನಿ ಮುಂದೆ ನಿರ್ದೇಶಕರಾಗಿ, 'ತಮಸ್' ಧಾರಾವಾಹಿಗೆ ಗುರುವಿನ ನೆರವನ್ನೇ ಪಡೆದರು. ಶ್ಯಾಮ್ ಬೆನೆಗಲ್ ಅವರ 'ಭಾರತ್ ಏಕ್ ಖೋಜ್' ಧಾರಾವಾಹಿಗೂ ಮೂರ್ತಿಯವರು ಛಾಯಾಗ್ರಹಣ ಮಾಡಿದರು. ಹಿಂದಿಯಲ್ಲಿ ದಶಕಗಳ ಕಾಲ ದುಡಿದ ಇವರು ಕನ್ನಡ ಚಿತ್ರಕ್ಕೆ ಕ್ಯಾಮೆರಾ ಹಿಡಿದದ್ದು ತಮ್ಮ ಎಪ್ಪತ್ತರ ಹೊತ್ತಿಗೆ: ತ್ರಿವೇಣಿಯವರ ಕಾದಂಬರಿಯನ್ನು ಆಧರಿಸಿದ, ಎಸ್. ವಿ. ರಾಜೇಂದ್ರಸಿಂಗ್ ಬಾಬು ನಿರ್ದೇಶನದ 'ಹೂವು ಹಣ್ಣು' (1993) ಚಿತ್ರಕ್ಕೆ.

ಗೌರವ ಮತ್ತು ನಿಧನ

ನಟರು, ನಿರ್ದೇಶಕರು, ನಿರ್ಮಾಪಕರು ಹಾಗೂ ಗಾಯಕರಿಗೆ ಸಲ್ಲುತ್ತಿದ್ದ ಫಾಲ್ಕೆ ಪ್ರಶಸ್ತಿಯು 2008ನೇ ಸಾಲಿಗೆ ಮೂರ್ತಿಯವರಿಗೆ ದೊರೆತಾಗ, ಕ್ಯಾಮೆರಾದ ಹಿಂದೆಯೇ ಉಳಿದ ಕಸುಬಿಗೆ ಮೊದಲ ಬಾರಿಗೆ ಆ ಮನ್ನಣೆ ಸಂದಿತು. ಉಮಾ ರಾವ್ ಅವರು ಇವರ ಜೀವನಕಥನವನ್ನು 'ಬಿಸಿಲು ಕೋಲು' ಎಂಬ ಹೆಸರಿನಲ್ಲಿ ಕನ್ನಡದಲ್ಲಿ ರಚಿಸಿದ್ದಾರೆ. ಮೂರ್ತಿಯವರು ತಮ್ಮ 90ನೆಯ ವಯಸ್ಸಿನಲ್ಲಿ ಬೆಂಗಳೂರಿನಲ್ಲಿ ನಿಧನರಾದರು.